ಹಿಮದ ಹೊದಿಕೆಯಡಿ ಸೇಬಿನ ತೋಟ

ದಕ್ಷಿಣ ಸೈಬೀರಿಯಾದ ಓಮ್ಸ್ಕ್, ಕ್ರಾಸ್ನೊಯಾರ್ಸ್ಕ್, ಮಿನುಸಿನ್ಸ್ಕ್ ಊರುಗಳ ಆಸುಪಾಸಿನಲ್ಲಿ ಕಡು ಚಳಿಗಾಲದ ಉಷ್ಣಾಂಶ ಮೈನಸ್ 40 ಡಿಗ್ರಿ ಸೆಲ್ಸಿಯಸ್‌ಗೂ ಕೆಳಗಿಳಿಯುವುದುಂಟು. ಯುರೋಪಿನ ದೊಡ್ಡ ಸೇಬಿನ ತಳಿಗಳಿಗೆ ಇದು ಸಾವಿನ ಅಂಚು. ಹಗಲು ಕುಗ್ಗಿ ಚಳಿ ಏರುತ್ತ ಹೋದಂತೆ ಮರ ತನ್ನನ್ನು ಹದಗೊಳಿಸಿಕೊಳ್ಳುತ್ತದೆ. ಚೆನ್ನಾಗಿ ಹದಗೊಂಡ ಮರದ ಕಾಂಡದ ಜೀವಕೋಶಗಳಲ್ಲಿ ನೀರು ಸೊನ್ನೆಗಿಂತ ಬಹಳ ಕೆಳಗೂ ಹೆಪ್ಪುಗಟ್ಟದೆ ಉಳಿಯುತ್ತದೆ. ಮೈನಸ್ 40ರ ಹತ್ತಿರ ಬಂದಾಗ ಮಾತ್ರ ಆ ನೀರು ಕೋಶದೊಳಗೇ ಮಂಜುಗಡ್ಡೆಯಾಗಿ ಕೋಶವನ್ನು ಕೊಲ್ಲುತ್ತದೆ. ಇಂಥ ನೆಲದಲ್ಲಿ ತೋಟ ಮಾಡಲು ಇದ್ದದ್ದು ಎರಡು ದಾರಿ: ಮರದ ತಳಿಯನ್ನು ಬದಲಿಸುವುದು, ಇಲ್ಲವೇ ಮರದ ಆಕಾರವನ್ನು ಬದಲಿಸುವುದು.

ಮೊದಲ ದಾರಿಯ ಪ್ರಯತ್ನ ಯುರೋಪಿನ ಭಾಗದ ರಷ್ಯಾದಲ್ಲಿ ನಡೆಯಿತು. ದಕ್ಷಿಣದ ತಳಿಯನ್ನು ಗಟ್ಟಿ ಬೇರಿನ ಸಸಿಗೆ ಕಸಿ ಕಟ್ಟಿದರೆ ಅದು ಕ್ರಮೇಣ ಚಳಿಗೆ ಒಗ್ಗಿಕೊಳ್ಳುತ್ತದೆಂದು 19ನೇ ಶತಮಾನದಲ್ಲಿ ಮಾಸ್ಕೋದ ತೋಟಗಾರ ಗ್ರೆಲ್ ವಾದಿಸಿದ್ದ. ಕೊಜ್ಲೋವ್ ಪಟ್ಟಣದ ಇವಾನ್ ಮಿಚುರಿನ್ (1855–1935) ಅದನ್ನು ನಂಬಿ ನೆಟ್ಟ ಗಿಡಗಳು ಕಡು ಚಳಿಗಾಲಗಳಲ್ಲಿ ಸತ್ತುಹೋದವು. ಬೇರು ಎಷ್ಟೇ ಗಟ್ಟಿಯಾಗಿದ್ದರೂ ಮೇಲೆ ಕೂರಿಸಿದ ಕೊಂಬೆಯ ಗುಣ ಹೆಚ್ಚೇನೂ ಬದಲಾಗದು ಎಂಬುದು ಅವನಿಗೆ ಮನದಟ್ಟಾಯಿತು. ಮುಂದೆ ಅವನು ದೂರದೂರದ ನಾಡಿನ ತಳಿಗಳನ್ನು ಅಡ್ಡಹಾಯಿಸಿ, ಬೀಜದಿಂದ ಎದ್ದ ಸಸಿಗಳಲ್ಲಿ ಚಳಿಗೆ ನಿಂತವನ್ನು ಆರಿಸತೊಡಗಿದ. ಕೊಜ್ಲೋವ್ 1932ರಲ್ಲಿ ಅವನ ಹೆಸರಿನಲ್ಲೇ ಮಿಚುರಿನ್ಸ್ಕ್ ಆಯಿತು.

ಸೈಬೀರಿಯಾದವರಿಗೆ ಅಡ್ಡತಳಿಗೆ ಬೇಕಾದ ಗಟ್ಟಿ ಬಂಧು ಹತ್ತಿರದಲ್ಲೇ ಇತ್ತು. ಬೈಕಲ್ ಸರೋವರದ ಆಸುಪಾಸಿನ ಕಾಡುಸೇಬು ಮೈನಸ್ 40ಕ್ಕೂ ಕೆಳಗಿನ ಚಳಿಯನ್ನು ತಾಳುತ್ತದೆ. ಆದರೆ ಹಣ್ಣು ಬಟಾಣಿ ಕಾಳಿನಷ್ಟೇ, ಒಗರು ಬೇರೆ. ಇದನ್ನು ದೊಡ್ಡ ಸೇಬಿನೊಡನೆ ಕೂಡಿಸಿದಾಗ ‘ರಾನೆಟ್ಕಾ’ ಎಂಬ ಪುಟ್ಟ ಹಣ್ಣಿನ ಗುಂಪು ಹುಟ್ಟಿತು. ಜಾಮ್ ಮತ್ತು ರಸಕ್ಕೆ ಅದು ಒಪ್ಪುತ್ತಿತ್ತು. ದೊಡ್ಡ, ಸಿಹಿ ಸೇಬಿನ ಆಸೆ ಮಾತ್ರ ತೀರಲಿಲ್ಲ.

ಆ ಆಸೆ ಎರಡನೇ ದಾರಿಯನ್ನು ತೆರೆಯಿತು. 1904ರಲ್ಲಿ ಕ್ರಾಸ್ನೊಯಾರ್ಸ್ಕ್ ಬಳಿ, ಯೆನಿಸೇಯ್ ನದಿಯ ದಡದಲ್ಲಿ ತೋಟ ಹಾಕಿದ ವ್ಸೆವೊಲೋದ್ ಕ್ರುತೋವ್‌ಸ್ಕಿ ಯುರೋಪಿನ ತಳಿಗಳನ್ನು ನೆಟ್ಟಗೆ ಬೆಳೆಯಗೊಡದೆ ನೆಲದ ಮೇಲೆ ಹಬ್ಬಿಸಿದ. ರಷ್ಯನ್ನರು ಈ ಪದ್ಧತಿಯನ್ನು ‘ಸ್ಟ್ಲಾನೆಟ್ಸ್’ ಎನ್ನುತ್ತಾರೆ. ಹಿಮದ ಹರಳುಗಳ ನಡುವೆ ಗಾಳಿ ಸಿಕ್ಕಿಕೊಂಡಿರುವುದರಿಂದ ನೆಲದ ಬಿಸುಪು ಬೇಗ ಹೊರಹೋಗದು. ಮೇಲೆ ಗಾಳಿ ಮೈನಸ್ 40 ಇದ್ದಾಗಲೂ ದಪ್ಪ ಹಿಮದ ಬುಡದಲ್ಲಿ ಚಳಿ ಅದಕ್ಕಿಂತ ಎಷ್ಟೋ ಸೌಮ್ಯವಾಗಿರುತ್ತದೆ. ಹಿಮದ ಎತ್ತರವನ್ನು ಮೀರದ ಮರ ಉಳಿಯುತ್ತದೆ. ಮೀರಿದ ಕೊಂಬೆ ಒಣಗುತ್ತದೆ.

ಕೆಲಸ ಎಳೆಯ ಸಸಿಯಿಂದಲೇ ಶುರುವಾಗುತ್ತಿತ್ತು. ಕಾಂಡವನ್ನು ಗಿಡ್ಡವಾಗಿ ಕತ್ತರಿಸಿ, ಅಥವಾ ಸಸಿಯನ್ನೇ ಓರೆಯಾಗಿ ನೆಟ್ಟು, ಹೊರಟ ಕೊಂಬೆಗಳನ್ನು ಇನ್ನೂ ಬಳುಕುವಾಗಲೇ ಮರದ ಕೊಕ್ಕೆಗಳಿಂದ ನೆಲಕ್ಕೆ ಬಗ್ಗಿಸಿ ಕಟ್ಟುತ್ತಿದ್ದರು. ಕೆಲವು ತೋಟಗಳಲ್ಲಿ ಕೊಂಬೆಗಳು ನಾಲ್ಕೂ ಕಡೆ ತಟ್ಟೆಯಂತೆ ಹರಡುತ್ತಿದ್ದವು. ನೇರವಾಗಿ ಏಳುವ ಚಿಗುರುಗಳನ್ನು ಪ್ರತಿ ವರ್ಷ ಬಗ್ಗಿಸಬೇಕು, ಇಲ್ಲವೇ ಸವರಬೇಕು. ಶರತ್ಕಾಲದ ಕೊನೆಗೆ ಕೊಂಬೆಗಳನ್ನು ಮತ್ತಷ್ಟು ಅದುಮಿ ಕಟ್ಟಿ, ಹಿಮ ಸಾಲದ ಕಡೆ ಸಲಿಕೆಯಿಂದ ಎಳೆದು ರಾಶಿ ಹಾಕಬೇಕು. ಓಮ್ಸ್ಕ್‌ನ ಕೃಷಿ ವಿದ್ಯಾಸಂಸ್ಥೆಯಲ್ಲಿ ಅಲೆಕ್ಸಾಂದರ್ ಕಿಜ್ಯೂರಿನ್ ಈ ವಿಧಾನವನ್ನು ಶಾಸ್ತ್ರೀಯವಾಗಿ ರೂಪಿಸಿ, ಪಶ್ಚಿಮ ಸೈಬೀರಿಯಾದಲ್ಲಿ ಹರಡಲು ದುಡಿದ.

ಹಿಮದ ರಕ್ಷಣೆಗೂ ಅದರದೇ ಅಪಾಯಗಳಿದ್ದವು. ನೆಲ ಗಡ್ಡೆಕಟ್ಟುವ ಮೊದಲೇ ದಪ್ಪ ಹಿಮ ಬಿದ್ದರೆ, ಬುಡದ ತೊಗಟೆ ತೇವದ ಬಿಸುಪಿನಲ್ಲಿ ಕೊಳೆಯುತ್ತದೆ. ಪ್ಲಮ್‌ನಂಥ ಓಟೆಯ ಹಣ್ಣಿನ ಗಿಡಗಳಿಗೆ ಈ ಕಾಟ ಹೆಚ್ಚು. ಅದಕ್ಕೆ ಗಿಡವನ್ನು ದಿಬ್ಬದ ಮೇಲೆ ನೆಡುವುದು ವಾಡಿಕೆಯಾಯಿತು. ಹಿಮದಡಿ ಸುರಂಗ ಕೊರೆಯುವ ಇಲಿಗಳು ತೊಗಟೆಯನ್ನು ಸುತ್ತಲೂ ಕಡಿದರೆ ಮರ ಉಳಿಯದು. ಚಳಿಗಾಲದ ಕೊನೆಗೆ ಹಿಮದಿಂದ ಹೊರಗುಳಿದ ತೊಗಟೆ ಹಗಲ ಬಿಸಿಲಿಗೆ ಕಾದು, ರಾತ್ರಿ ಒಮ್ಮೆಲೇ ಹೆಪ್ಪುಗಟ್ಟಿ ಸಾಯುತ್ತದೆ. ನೆಟ್ಟಗಿನ ಮರಗಳಿಗೆ ಸುಣ್ಣ ಬಳಿಯುವುದು ಇದೇ ಕಾರಣಕ್ಕೆ.

ತಳಿ ಸುಧಾರಣೆಯ ದಾರಿಯೂ ನಿಂತಿರಲಿಲ್ಲ. ಮಿಖಾಯಿಲ್ ಲಿಸಾವೆಂಕೊ 1933ರಲ್ಲಿ ಅಲ್ತಾಯ್ ಪ್ರದೇಶದ ಒಯ್ರೋತ್-ತುರಾದಲ್ಲಿ, ಅಂದರೆ ಇಂದಿನ ಗೋರ್ನೊ-ಅಲ್ತಾಯ್ಸ್ಕ್‌ನಲ್ಲಿ, ಆರಂಭಿಸಿದ ಕೆಲಸ ಮುಂದೆ ಬರ್ನಾವುಲ್‌ನ ಸಂಶೋಧನಾ ಸಂಸ್ಥೆಯಾಗಿ ಬೆಳೆಯಿತು. ರಾನೆಟ್ಕಾಗಳನ್ನು ಮತ್ತೆ ದೊಡ್ಡ ಸೇಬಿನೊಡನೆ ಕೂಡಿಸಿದಾಗ, ನೆಟ್ಟಗೆ ನಿಂತೇ ಚಳಿ ತಾಳುವ ನಡುಗಾತ್ರದ ಸೇಬುಗಳು ದೊರೆತವು. ಬಗ್ಗಿಸಿ ಕಟ್ಟಿ ಬೆಳೆಸುವ ತೋಟ ವಿಪರೀತ ಕೈಕೆಲಸ ಬೇಡುತ್ತಿತ್ತು, ಯಂತ್ರಕ್ಕೂ ಒಗ್ಗುತ್ತಿರಲಿಲ್ಲ. ಹೀಗಾಗಿ ದೊಡ್ಡ ತೋಟಗಳಿಂದ ಅದು ಹಿಂದೆ ಸರಿದು ಮನೆಯಂಗಳದ ಹವ್ಯಾಸಿಗಳ ಪಾಲಾಯಿತು. ಕ್ರುತೋವ್‌ಸ್ಕಿಯ ತೋಟ ಇಂದಿಗೂ ಅವನ ಹೆಸರಿನ ಸಸ್ಯೋದ್ಯಾನವಾಗಿ ಉಳಿದಿದ್ದು, ನೆಲಕ್ಕೆ ಹಬ್ಬಿಸಿದ ಸೇಬಿನ ಮರಗಳನ್ನು ಅಲ್ಲಿ ಕಾಪಾಡಿಕೊಂಡು ಬರಲಾಗಿದೆ.