ಯಾವ ಗೇರು?

ಗೇರುಬೀಜದ ಕಾರ್ಖಾನೆಗೆ ನಮ್ಮ ಕಡೆ ಬೀಜದ ಫ್ಯಾಕ್ಟರಿ ಎಂದೇ ಹೆಸರು. ಅಲ್ಲಿ ತಿರುಳು ತೆಗೆದ ಮೇಲೆ ಉಳಿಯುವ ಚಿಪ್ಪನ್ನು ಗಾಣಕ್ಕೆ ಹಾಕಿದರೆ ಕಪ್ಪು-ಕಂದು ಬಣ್ಣದ ದಪ್ಪ ಎಣ್ಣೆ ಇಳಿಯುತ್ತದೆ. ಕೊಳ್ಳುವವರ ಲೆಕ್ಕಪತ್ರದಲ್ಲಿ ಅದು ಸಿ.ಎನ್.ಎಸ್.ಎಲ್. ಕೆಲಸದವರ ಬಾಯಲ್ಲಿ ಗೇರೆಣ್ಣೆ. ಕಾರ್ಕಳದ ಫ್ಯಾಕ್ಟರಿಯಿಂದ ಮಣಿಪಾಲದ ಔಷಧ ವಿಜ್ಞಾನದ ತರಗತಿಗೆ ಹೋದರೆ ಅದೇ ಎಣ್ಣೆ ಇನ್ನೊಂದು ಮಾತಿನಲ್ಲಿ ಬಿಡಿಸಿಕೊಳ್ಳುತ್ತದೆ: ಅನಕಾರ್ಡಿಕ್ ಆಮ್ಲ, ಕಾರ್ಡಾಲ್, ಕಾರ್ಡನಾಲ್.

ಅನಕಾರ್ಡಿಕ್ ಎಂಬ ಶಬ್ದವನ್ನು ವಿದ್ಯಾರ್ಥಿಗಳು ಪರೀಕ್ಷೆಗೆಂದು ಉರುಹೊಡೆಯುತ್ತಾರೆ, ಆಮೇಲೆ ಮರೆಯುತ್ತಾರೆ. ಅದೊಂದು ದೂರದೇಶದ ಒರಟು ಶಬ್ದ ಎಂಬ ಭಾವನೆ ನಮ್ಮಲ್ಲಿ ಗಟ್ಟಿಯಾಗಿದೆ. ಆದರೆ ಅದರ ಹುಟ್ಟು ನಮ್ಮ ಹಾಡಿಯಲ್ಲೇ ಬೆಳೆಯುವ ಒಂದು ಮರಕ್ಕೆ ಸೇರಿದ್ದು. ಇದನ್ನು ತರಗತಿಯಲ್ಲಿ ಯಾರಾದರೂ ಹೇಳಬೇಕಿತ್ತು ಎಂದು ನನಗೆ ಬಹಳ ಸಲ ಅನಿಸಿದೆ.

ಮೊದಲು ವಸ್ತು ಏನೆಂದು ನೋಡೋಣ. ಗೇರುಬೀಜದ ಚಿಪ್ಪು ಎರಡು ಪದರದ್ದು. ನಡುವೆ ಜೇನುಗೂಡಿನಂಥ ಮೆದು ಭಾಗ, ಅದರ ತುಂಬ ಈ ಸೊನೆ. ಹಸಿ ಎಣ್ಣೆಯಲ್ಲಿ ಅರ್ಧಕ್ಕಿಂತ ಹೆಚ್ಚು ಪಾಲು ಅನಕಾರ್ಡಿಕ್ ಆಮ್ಲದ್ದೇ. ಆಸ್ಪಿರಿನ್‌ನ ಮೂಲವಾದ ಸ್ಯಾಲಿಸಿಲಿಕ್ ಆಮ್ಲಕ್ಕೆ 15 ಇಂಗಾಲದ ಉದ್ದನೆಯ ಬಾಲವೊಂದನ್ನು ಕಟ್ಟಿದರೆ ಅನಕಾರ್ಡಿಕ್ ಆಮ್ಲ. ತಲೆಭಾಗ ರಾಸಾಯನಿಕವಾಗಿ ಚುರುಕು, ಬಾಲ ಜಿಡ್ಡು. ಆ ಜಿಡ್ಡಿನ ಬಾಲದಿಂದಾಗಿ ಅದು ಚರ್ಮದೊಳಗೆ ಸಲೀಸಾಗಿ ಇಳಿಯುತ್ತದೆ. ಏಪ್ರಿಲ್-ಮೇ ರಜೆಯಲ್ಲಿ ಹಸಿ ಬೀಜವನ್ನು ಹಲ್ಲಿನಿಂದ ಕಚ್ಚಿ ತುಟಿ ಸುಟ್ಟುಕೊಂಡ ಮಕ್ಕಳಿಗೆ ಇದನ್ನು ವಿವರಿಸಿ ಹೇಳಬೇಕಾಗಿಲ್ಲ. ಬೀಜವನ್ನು ಸುಟ್ಟಾಗ ಈ ಆಮ್ಲ ಇಂಗಾಲದ ಡೈಆಕ್ಸೈಡನ್ನು ಕಳೆದುಕೊಂಡು ಕಾರ್ಡನಾಲ್ ಆಗುತ್ತದೆ. ವಾಹನಗಳ ಬ್ರೇಕ್ ಲೈನಿಂಗಿನಿಂದ ಹಿಡಿದು ಬಣ್ಣ, ವಾರ್ನಿಶ್‌ಗಳವರೆಗೆ ಉದ್ಯಮಕ್ಕೆ ಬೇಕಾಗಿರುವುದು ಬಹುಮಟ್ಟಿಗೆ ಅದೇ. ಫೈಬರ್ ದೋಣಿಗಳು ಬರುವ ಮೊದಲು ಕಾಪು, ಮಲ್ಪೆಯಂಥ ಕಡಲೂರುಗಳಲ್ಲಿ ಮರದ ದೋಣಿಗೆ ಹುಳ ಹಿಡಿಯದಂತೆ ಗೇರೆಣ್ಣೆ ಬಳಿಯುತ್ತಿದ್ದರು. ರಸಾಯನಶಾಸ್ತ್ರದ ಹೆಸರು ಗೊತ್ತಿರದಿದ್ದರೂ ಅದರ ಗುಣ ಅವರಿಗೆ ಚೆನ್ನಾಗಿ ಗೊತ್ತಿತ್ತು.

ಈ ಆಮ್ಲವನ್ನು 1847ರಲ್ಲಿ ಬೇರ್ಪಡಿಸಿ ಹೆಸರಿಟ್ಟವರು ಜರ್ಮನ್ ರಸಾಯನಶಾಸ್ತ್ರಜ್ಞ ಗೇಯೋರ್ಗ್ ಶ್ಟೇಡೆಲರ್. ಹೆಸರನ್ನು ಅವರು ಮರದ ಶಾಸ್ತ್ರೀಯ ನಾಮದಿಂದ ತೆಗೆದುಕೊಂಡರು: ಅನಕಾರ್ಡಿಯಂ ಆಕ್ಸಿಡೆಂಟೇಲ್. 1753ರಲ್ಲಿ ಲಿನೇಯಸ್ ಗೇರುಮರಕ್ಕೆ ಕೊಟ್ಟ ನಾಮ ಇದು. ಇದರಲ್ಲಿ 'ಕಾರ್ಡಿಯ' ಎಂದರೆ ಗ್ರೀಕಿನಲ್ಲಿ ಹೃದಯ. ಗೇರುಬೀಜವೋ ಮೂತ್ರಪಿಂಡದ ಆಕಾರದ್ದು. ಹೃದಯದ ಆಕಾರ ಅದಕ್ಕೆಲ್ಲಿಂದ ಬಂತು? ಎರಡನೆಯ ಪದ 'ಆಕ್ಸಿಡೆಂಟೇಲ್' ಅಂದರೆ ಪಶ್ಚಿಮದ್ದು. ಪಶ್ಚಿಮದ ಅನಕಾರ್ಡಿಯಂ ಎಂದು ಬೇರೆಯಾಗಿ ಹೇಳಬೇಕಾಯಿತೆಂದರೆ ಪೂರ್ವದ್ದು ಇನ್ನೊಂದು ಮೊದಲೇ ಇತ್ತು.

ಇತ್ತು. ಲಿನೇಯಸ್‌ಗಿಂತ ಶತಮಾನಗಳ ಹಿಂದೆಯೇ ಯುರೋಪಿನ ಔಷಧ ಅಂಗಡಿಗಳಲ್ಲಿ ಅನಕಾರ್ಡಿಯಂ ಎಂದರೆ ಭಾರತದಿಂದ ಅರಬ್ಬರ ಮೂಲಕ ಹೋಗುತ್ತಿದ್ದ ಕಪ್ಪು ಕಾಯಿ. ಸಂಸ್ಕೃತದಲ್ಲಿ ಅದು ಭಲ್ಲಾತಕ, ಅರಬ್ಬಿಯಲ್ಲಿ ಬಲಾದುರ್. ಆಕಾರ ಥೇಟು ಪುಟ್ಟ ಹೃದಯ. ನೆನಪಿನ ಶಕ್ತಿಗೆಂದು ಅದನ್ನು ತಿನ್ನುತ್ತಿದ್ದರು. ಒಂಬತ್ತನೆಯ ಶತಮಾನದ ಅರಬ್ಬಿ ಇತಿಹಾಸಕಾರ ಅಲ್-ಬಲಾದುರಿಯ ಮನೆತನಕ್ಕೆ ಆ ಹೆಸರು ಬಂದದ್ದೂ ಈ ಕಾಯಿಯಿಂದಲೇ ಎಂಬ ಹೇಳಿಕೆ ಇದೆ. ಬ್ರೆಜಿಲ್ ಮೂಲದ ಗೇರುಮರಕ್ಕೆ ಲಿನೇಯಸ್ ಆ ಹೆಸರು ಕೊಟ್ಟ ಮೇಲೆ ಹಳೆಯ ಮರಕ್ಕೆ ಬೇರೆ ಹೆಸರು ಬೇಕಾಯಿತು. ಅವರ ಮಗ ಅದನ್ನು ಸೆಮೆಕಾರ್ಪಸ್ ಅನಕಾರ್ಡಿಯಂ ಎಂದು ಕರೆದರು. ಸೆಮೆಕಾರ್ಪಸ್ ಎಂದರೆ ಗುರುತು ಹಾಕುವ ಹಣ್ಣು. ಅಗಸರು ಈ ಕಾಯಿಗೆ ಸೂಜಿ ಚುಚ್ಚಿ ಬಟ್ಟೆಗೆ ಗುರುತು ಇಡುತ್ತಿದ್ದರು. ಎಷ್ಟು ಒಗೆದರೂ ಹೋಗದ ಗುರುತು.

ಈಗ ಕನ್ನಡಕ್ಕೆ ಬನ್ನಿ. ಈ ಹಳೆಯ ಮರವನ್ನು ಕನ್ನಡಿಗರು ಏನೆನ್ನುತ್ತಿದ್ದರು? ಗೇರು. ಇದು ಬ್ರೆಜಿಲಿನ ಮರದ ಜೊತೆ ಪೋರ್ಚುಗೀಸರು ತಂದ ಶಬ್ದವಲ್ಲ. ತಮಿಳಿನ ಸೇರು, ಮಲಯಾಳದ ಚೇರು ಇದರ ಒಡಹುಟ್ಟುಗಳು. ಹಳಗನ್ನಡದ ಗೆಯ್ ಮಲಯಾಳದಲ್ಲಿ ಚೆಯ್ ಆದಂತೆ, ಕಿವಿ ಚೆವಿಯಾದಂತೆ, ಗೇರು ಚೇರಾಗಿದೆ. ಈ ಭಾಷೆಗಳು ಬೇರೆಯಾಗುವ ಕಾಲಕ್ಕೇ ಇದ್ದ ಶಬ್ದ ಎಂದಮೇಲೆ ಅದು ಹದಿನಾರನೆಯ ಶತಮಾನದಲ್ಲಿ ಹಡಗಿನಿಂದ ಇಳಿದ ಮರದ್ದಾಗಿರಲು ಸಾಧ್ಯವಿಲ್ಲ. ಮೈಮೇಲೆ ಬೊಕ್ಕೆ ಎಬ್ಬಿಸುವ ಘಟ್ಟದ ಇನ್ನೊಂದು ಮರಕ್ಕೂ ಹೊಲಗೇರು ಎಂದೇ ಹೆಸರು. ಹೊಸ ಮರ ಬಂದು ಕರಾವಳಿಯ ಗುಡ್ಡೆಗಳನ್ನು ಆವರಿಸಿಕೊಂಡಿತು, ಗೇರು ಎಂಬ ಹೆಸರೂ ಅದರದಾಯಿತು. ಹಳೆಯದು ಕರಿಗೇರು, ಕಾಡುಗೇರು ಎಂದು ವಿಶೇಷಣ ಹೊತ್ತುಕೊಂಡು ಹಿಂದೆ ಸರಿಯಿತು. ಲ್ಯಾಟಿನಿನಲ್ಲಿ ಪಂಡಿತನೊಬ್ಬ ಮಾಡಿದ ಕೆಲಸವನ್ನು ಇಲ್ಲಿ ಜನ ತಾವೇ ಮಾಡಿದ್ದರು.

ಗೇರು ಒಂದೇ ಆಗಿದ್ದರೆ ಕಾಕತಾಳೀಯ ಎನ್ನಬಹುದಿತ್ತು. ಗೋಡಂಬಿ ನೋಡಿ. ನಮಗೆ ಅದು ಪಾಯಸಕ್ಕೆ ಹುರಿದು ಹಾಕುವ ಗೇರುತಿರುಳು. ಮರಾಠಿಯಲ್ಲಿ ಗೋಡಂಬಿ ಎಂದರೆ ಕರಿಗೇರಿನ ಒಳಗಿನ ತಿರುಳು. ಬಾಣಂತಿಯ ಲಾಡಿಗೆ ಹಾಕುತ್ತಾರೆ. ಇನ್ನು ಉಡುಪಿ, ಕಾರ್ಕಳದ ಕೊಂಕಣಿ ಮನೆಗಳ ಬಿಬ್ಬೊ. ತೊಂಡೆಕಾಯಿಯ ಜೊತೆ ಎಳೆಯ ಗೇರುಬೀಜ ಹಾಕಿ ಮಾಡುವ ತೆಂಡ್ಲೆ-ಬಿಬ್ಬೊ ಉಪ್ಕರಿ ಇಲ್ಲದೆ ಅಲ್ಲಿ ಯುಗಾದಿಯ ಊಟ ಪೂರ್ತಿಯಾಗುವುದಿಲ್ಲ. ಆ ಬಿಬ್ಬೊ ಮರಾಠಿಗೆ ಹೋದರೆ ಬಿಬ್ಬಾ, ಅಗಸರ ಗುರುತಿನ ಅದೇ ಕರಿಗೇರು. ಮೂರು ಶಬ್ದಗಳೂ ಹಳೆಯ ಮರದಿಂದ ಹೊಸದಕ್ಕೆ ದಾಟಿವೆ. ಮರದ ಜೊತೆಯಲ್ಲೇ ಬ್ರೆಜಿಲಿನಿಂದ ಬಂದದ್ದು ಕಾಜು ಮಾತ್ರ. ಅದು ತುಪಿ ಜನರ ಅಕಾಜು.

ಯಾಕೆ ಹೀಗಾಯಿತು ಎಂಬುದಕ್ಕೆ ಉತ್ತರ ಕಣ್ಣೆದುರೇ ಇದೆ. ಎರಡೂ ಮರಗಳಲ್ಲಿ ತೊಟ್ಟು ಉಬ್ಬಿ ಬಣ್ಣದ ಹಣ್ಣಾಗುತ್ತದೆ, ಬೀಜ ಹೊರಗೆ ತುದಿಯಲ್ಲಿ ನೇತಾಡುತ್ತದೆ. ಎರಡರ ಚಿಪ್ಪಿನಲ್ಲೂ ಸುಡುವ ಸೊನೆ, ಒಳಗೆ ತಿನ್ನಬಹುದಾದ ಸಿಹಿ ತಿರುಳು. ನೋಡಿದವರು, ಮುಟ್ಟಿದವರು ಇದೂ ಗೇರೇ ಅಂದರು. ಪ್ರಯೋಗಾಲಯ ಬಹಳ ತಡವಾಗಿ ಅದನ್ನೇ ಹೇಳಿತು. ಕರಿಗೇರಿನ ಸೊನೆಯಲ್ಲಿರುವ ಭಿಲವಾನಾಲ್‌ಗಳೂ ಉಂಗುರದಂಥ ತಲೆಗೆ 15 ಇಂಗಾಲದ ಬಾಲ ಕಟ್ಟಿಕೊಂಡ ಅಣುಗಳೇ. ಜಪಾನಿನ ಅರಗಿನ ಮರದ ಉರುಶಿಯಾಲ್, ಅಮೆರಿಕದ ಪಾಯ್ಸನ್ ಐವಿ ಬಳ್ಳಿಯ ವಿಷ ಕೂಡ ಇದೇ ಬಳಗ. ಇವೆಲ್ಲ ಸೇರಿದ ಸಸ್ಯಕುಟುಂಬದ ಹೆಸರು ಅನಕಾರ್ಡಿಯೇಸಿ. ನಮ್ಮ ಮಾವು, ಅಮಟೆ ಕೂಡ ಅದರಲ್ಲಿವೆ. ಮೈ ಉರಿಯನ್ನೇ ಅಳತೆಗೋಲಾಗಿಸಿ ನಮ್ಮ ಹಿರಿಯರು ಮಾಡಿದ ವಿಂಗಡಣೆ ಅಣುವಿನ ಮಟ್ಟದಲ್ಲೂ ಸರಿ ಬಂತು. ಇದನ್ನು ನೆನೆದಾಗಲೆಲ್ಲ ನನಗೆ ಹೆಮ್ಮೆಯಾಗುತ್ತದೆ.

ಆದ್ದರಿಂದ ಪಠ್ಯಪುಸ್ತಕ ಬರೆಯುವವರಲ್ಲಿ ನನ್ನದೊಂದು ಕೋರಿಕೆ: ಅನಕಾರ್ಡಿಕ್ ಆಮ್ಲದ ಪಕ್ಕದಲ್ಲಿ ಗೇರು ಆಮ್ಲ ಎಂದೂ ಬರೆಯಿರಿ. ಕಷ್ಟಪಟ್ಟು ಟಂಕಿಸಿದ ಪಾರಿಭಾಷಿಕ ಪದಗಳು ಎಷ್ಟೋ ಬಂದು ಬಳಕೆಯಾಗದೆ ಹೋಗಿವೆ. ಇದು ಆ ಜಾತಿಯದಲ್ಲ. ಅನಕಾರ್ಡಿಯಂ ಎಂಬುದಕ್ಕೆ ಹಳೆಯ ಅರ್ಥ ಹಿಡಿದರೂ ಕನ್ನಡದಲ್ಲಿ ಗೇರು, ಹೊಸ ಅರ್ಥ ಹಿಡಿದರೂ ಗೇರು. ಇಷ್ಟು ನೇರವಾಗಿ ಹೊಂದುವ ಹೆಸರು ಎಲ್ಲ ಭಾಷೆಗಳಿಗೂ ಸಿಗುವುದಿಲ್ಲ. ಕಾರ್ಡನಾಲ್, ಕಾರ್ಡಾಲ್ ಹಾಗೇ ಇರಲಿ; ಅವು ಕಾರ್ಖಾನೆಯ ಶಬ್ದಗಳು, ಅಲ್ಲೇ ಸುಖವಾಗಿವೆ.

ಹೆಸರು ಒಂದಾದದ್ದರಿಂದ ಒಂದು ತೊಡಕಂತೂ ಇದೆ. ಆಯುರ್ವೇದದಲ್ಲಿ ಭಲ್ಲಾತಕವನ್ನು ಶುದ್ಧಿ ಮಾಡದೆ ಮುಟ್ಟುವುದಿಲ್ಲ. ಇಟ್ಟಿಗೆ ಪುಡಿಯಲ್ಲಿ ಉಜ್ಜಿ ಎಣ್ಣೆ ಹೀರಿಸುತ್ತಾರೆ. ಔಷಧ ನಿಯಮಗಳ ಇ-1 ಅನುಸೂಚಿಯಲ್ಲಿ ಅದು ವಿಷದ್ರವ್ಯಗಳ ಸಾಲಿನಲ್ಲಿದೆ. ಮನೆಮದ್ದಿನ ಉತ್ಸಾಹದಲ್ಲಿ ಗೇರು ಒಳ್ಳೆಯದಂತೆ ಎಂದು ಕೇಳಿ ಬಂದವರಿಗೆ ಯಾವ ಗೇರು ಎಂದು ಬಿಡಿಸಿ ಹೇಳದಿದ್ದರೆ ಅನಾಹುತವಾದೀತು.

ಫ್ಯಾಕ್ಟರಿಯಲ್ಲಿ ಬೀಜ ಒಡೆಯುವವರಲ್ಲಿ ಹೆಚ್ಚಿನವರು ಹೆಂಗಸರು. ಕೈಗೆ ಬೂದಿ ಮೆತ್ತಿಕೊಂಡೋ ತೆಂಗಿನೆಣ್ಣೆ ಹಚ್ಚಿಕೊಂಡೋ ಈ ಆಮ್ಲದ ಜೊತೆ ಬಾಳಿದವರು ಅವರು. ಸೊನೆ ತಾಗಿ ಬೆರಳ ತುದಿ ಕಪ್ಪಾಗುವುದು, ಚರ್ಮ ಸುಲಿಯುವುದು ಅವರಿಗೆ ದಿನದ ಮಾತು. ಇದು ಬರೀ ಸುಟ್ಟ ಗಾಯವೂ ಅಲ್ಲ. ಈ ಅಣುಗಳು ಚರ್ಮದ ಪ್ರೋಟೀನಿಗೆ ಅಂಟಿಕೊಂಡರೆ ಮೈ ಅವನ್ನು ಶತ್ರುವೆಂದು ನೆನಪಿಟ್ಟುಕೊಳ್ಳುತ್ತದೆ. ಮುಂದಿನ ಸಲ ತಾಗಿ ಒಂದೆರಡು ದಿನವಾದ ಮೇಲೆ ಬೊಕ್ಕೆ ಏಳುತ್ತವೆ. ಎರಡನೆಯ ಮಹಾಯುದ್ಧದ ಕಾಲದಲ್ಲಿ ಭಾರತದಲ್ಲಿದ್ದ ಅಮೆರಿಕದ ಸೈನಿಕರ ಮೈಮೇಲೆ, ಬಟ್ಟೆಯ ಅಗಸರ ಗುರುತು ತಾಗಿದ ಜಾಗದಲ್ಲೇ, ಇಂಥ ಬೊಕ್ಕೆಗಳೆದ್ದವು. 1943ರಲ್ಲಿ ಅವರ ವೈದ್ಯರು ಅದನ್ನು ದಾಖಲಿಸಿ ಧೋಬಿ ಗುರುತಿನ ಚರ್ಮರೋಗ ಎಂದು ಕರೆದರು.

ಒಂದು ಗೇರಿಗೆ ಹೀಗೆ ಮೈ ಕೆರಳಿದವರಿಗೆ ಇನ್ನೊಂದು ಗೇರೂ ಆಗದಿರಬಹುದು, ಮಾವಿನಕಾಯಿಯ ಸೊನೆ-ಸಿಪ್ಪೆಯೂ ಆಗದಿರಬಹುದು. ಗೇರುಬೀಜ ಕೀಳುವುದೂ ಉಪ್ಪಿನಕಾಯಿಗೆ ಮಾವು ಹೆಚ್ಚುವುದೂ ನಮ್ಮಲ್ಲಿ ಒಂದೇ ತಿಂಗಳು. ಬೀಜದ ಫ್ಯಾಕ್ಟರಿಯವಳು ಕೈ ತೋರಿಸಲು ಬಂದಾಗ ವೈದ್ಯರು ಅಡುಗೆಮನೆಯ ಮಾವನ್ನೂ ವಿಚಾರಿಸಬೇಕು. ಸೊನೆ ತಾಗಿದ ಕೂಡಲೇ ಸಾಬೂನು ಹಾಕಿ ತೊಳೆಯಬೇಕು, ಅದೇ ಕೈಯಲ್ಲಿ ಕಣ್ಣು ಮುಟ್ಟಬಾರದು, ಕೈಗವಸು ಕೊಡುವುದು ಮಾಲೀಕರ ಜವಾಬ್ದಾರಿ. ಬೀಜ ಒಡೆಯುವ ಜಾಗದ ಗೋಡೆಯ ಮೇಲೆ ಇಷ್ಟನ್ನು ಕನ್ನಡದಲ್ಲಿ, ದೊಡ್ಡ ಅಕ್ಷರದಲ್ಲಿ, ಗೇರೆಣ್ಣೆ ಎಂಬ ಹೆಸರು ಹಿಡಿದೇ ಬರೆಸಬೇಕು.