ದಾವಣಗೆರೆಯ ಒಂದು ಕೊಠಡಿ

ಚನ್ನಗಿರಿ, ಹೊನ್ನಾಳಿಗಳು 1997ಕ್ಕೆ ಮೊದಲು ಶಿವಮೊಗ್ಗೆ ಜಿಲ್ಲೆಗೂ, ಜಗಳೂರು ಚಿತ್ರದುರ್ಗಕ್ಕೂ ಸೇರಿದ್ದುವು. ನ್ಯಾಮತಿಯು ಹೊನ್ನಾಳಿ ತಾಲ್ಲೂಕಿನೊಳಗೇ ಇದ್ದಿತು. ಸರ್ಕಾರವು ಇವನ್ನು ದಾವಣಗೆರೆ ಜಿಲ್ಲೆಯೆಂದು ಕೂಡಿಸುವುದಕ್ಕೆ ಬಹು ಹಿಂದೆಯೇ ಈ ಊರುಗಳ ಬಡ ವಿದ್ಯಾರ್ಥಿಗಳು ದಾವಣಗೆರೆಯ ಬಾಡಿಗೆ ಕೊಠಡಿಗಳಲ್ಲಿ ತಾವಾಗಿಯೇ ಕೂಡಿಕೊಂಡಿದ್ದರು.

ಹಿರಿಯರ ಕಾಲದಲ್ಲಿ ವಾರಾನ್ನವಿದ್ದಿತು: ಸೋಮವಾರ ಒಂದು ಮನೆ, ಮಂಗಳವಾರ ಮತ್ತೊಂದು. ಮಠಗಳ ಪ್ರಸಾದನಿಲಯಗಳೂ ಎಷ್ಟೋ ಮಂದಿಯನ್ನು ಸಾಕಿದುವು. 1965ರಲ್ಲಿ ಜೆ.ಜೆ.ಎಂ. ವೈದ್ಯಕೀಯ ಕಾಲೇಜೂ 1979ರಲ್ಲಿ ಬಾಪೂಜಿ ಇಂಜಿನಿಯರಿಂಗ್ ಕಾಲೇಜೂ ಆರಂಭವಾದುವು; ಊರಿನಲ್ಲಿ ಹುಡುಗರು ಹೆಚ್ಚಿದರು. ನಿಲಯದಲ್ಲಿ ಸ್ಥಳ ದೊರೆಯದವರು ಕೊಠಡಿ ಹಿಡಿದರು.

ನ್ಯಾಮತಿಯ ಕಡೆಯವನಾದ ನಾನೂ ಅಂತಹ ಒಂದು ಕೊಠಡಿಯ ನಾಲ್ವರಲ್ಲೊಬ್ಬನು. ಒಂದು ಸೀಮೆಎಣ್ಣೆ ಸ್ಟೌವು, ಎರಡು ಚಾಪೆ, ಇಸ್ತ್ರಿಯಾದ ಅಂಗಿ ಒಂದೇ. ಪರೀಕ್ಷೆಯಿದ್ದವನಿಗೆ ಅಂಗಿಯ ಹಕ್ಕು. ಒಂದೇ ದಿನ ಇಬ್ಬರಿಗೆ ಪರೀಕ್ಷೆ ಬಂದಾಗ ನನ್ನ ವ್ಯಾಕರಣಪಾಂಡಿತ್ಯವು ಆ ವ್ಯಾಜ್ಯದಲ್ಲಿ ಏನೂ ನಡೆಯಲಿಲ್ಲ. ಚನ್ನಗಿರಿಯವನು ಅನ್ನವನ್ನು ಅಂಟುಮಾಡಿ, ಅದು ಮುದ್ದೆಯೆಂದು ಸಾಧಿಸುವನು. ಹೊನ್ನಾಳಿಯವನು ಲೆಕ್ಕದ ಪುಸ್ತಕದಲ್ಲಿ ಬೆಂಕಿಕಡ್ಡಿಗಳನ್ನೂ ಎಣಿಸಿ ಬರೆಯುವನು. ಜಗಳೂರಿನವನು ಊರಿನಿಂದ ಖಡಕ್ ಜೋಳದ ರೊಟ್ಟಿಯನ್ನೂ ಚಟ್ನಿಪುಡಿಯನ್ನೂ ತರುವನು. ಹದಿನೈದು ದಿನಕ್ಕೆಂದು ಅವನ ತಾಯಿ ಕಟ್ಟಿಕೊಟ್ಟುದನ್ನು ನಾವು ಮೂರೇ ದಿನಗಳಲ್ಲಿ ಮುಗಿಸುತ್ತಿದ್ದೆವು. ಆಮೇಲೆ ಮಂಡಕ್ಕಿಯೇ ಗತಿ.

ಒಂದು ವರ್ಷ ಆ ಸೀಮೆಗೆ ಮಳೆಯಾಗಲಿಲ್ಲ. ರೊಟ್ಟಿಯ ಗಂಟು ಬರಲಿಲ್ಲ, ಹಣವೂ ಬರಲಿಲ್ಲ. ಅವನು ರಾತ್ರಿ “ಇಂದು ಏಕಾದಶಿ” ಎಂದು ಮಲಗತೊಡಗಿದನು. ಪಂಚಾಂಗ ಬಲ್ಲವನು ನಾನೊಬ್ಬನೇ. ಒಂದೇ ಪಕ್ಷದಲ್ಲಿ ಮೂರು ಏಕಾದಶಿಗಳು ಬಂದಾಗ ನನಗೆ ಸಂಗತಿ ತಿಳಿಯಿತು. ಇತರರಿಗೆ ಹೇಳುವುದು ಹೇಗೆಂದು ಯೋಚಿಸುತ್ತ ಲೆಕ್ಕದ ಪುಸ್ತಕವನ್ನು ತೆರೆದೆನು. ಹೊನ್ನಾಳಿಯವನು ಆ ತಿಂಗಳ ಖರ್ಚನ್ನು, ಯಾರಿಗೂ ಹೇಳದೆ, ಆಗಲೇ ಮೂರರಿಂದ ಭಾಗಿಸಿದ್ದನು.