ಪದ ಪರಿಚಯ: ಸಾಕ್ಷ್ಯಚಿತ್ರ

‘ಡಾಕ್ಯುಮೆಂಟರಿ’ ಎಂಬುದಕ್ಕೆ ಮೂಲ ದಾಖಲೆಪತ್ರ. 1926ರಲ್ಲಿ ಜಾನ್ ಗ್ರಿಯರ್ಸನ್ ‘ಮೊವಾನಾ’ ಚಿತ್ರದ ವಿಮರ್ಶೆಯಲ್ಲಿ ಬಳಸಿದ ಮೇಲೆ ಅದು ಸಿನಿಮಾಕ್ಕೆ ಅಂಟಿಕೊಂಡಿತು. ನಮ್ಮ ‘ಸಾಕ್ಷ್ಯ’ದ ಬೇರು ಕಣ್ಣಿನಲ್ಲಿದೆ: ‘ಸ’, ‘ಅಕ್ಷ’ ಸೇರಿ ಸಾಕ್ಷಿ, ಅಂದರೆ ಕಣ್ಣಾರೆ ಕಂಡವನು. ಕೋರ್ಟು ಕಚೇರಿಯ ವಾಸನೆಯೂ ಈ ಪದಕ್ಕುಂಟು.

ಹಾಗಾಗಿ, ಕಾನೂನು ಪಾಠ ಹೇಳುತ್ತಿದ್ದ ಅಮೆರಿಕದ ಸಾಕ್ಷ್ಯಚಿತ್ರ ನಿರ್ದೇಶಕ ಫ್ರೆಡರಿಕ್ ವೈಸ್‌ಮನ್‌ಗೆ ಇದು ಚೆನ್ನಾಗಿ ಒಪ್ಪುತ್ತದೆ. ಮ್ಯಾಸಚೂಸೆಟ್ಸ್‌ನ ಬ್ರಿಜ್‌ವಾಟರ್‌ನಲ್ಲಿ ಮಾನಸಿಕ ಅಸ್ವಸ್ಥ ಕೈದಿಗಳನ್ನಿಟ್ಟಿದ್ದ ಆಸ್ಪತ್ರೆಯನ್ನು ಕುರಿತ ಅವರ 1967ರ ‘ಟಿಟಿಕಟ್ ಫಾಲೀಸ್’ನಲ್ಲಿ ನಿರೂಪಣೆಯಿಲ್ಲ, ಸಂದರ್ಶನವಿಲ್ಲ. ಊಟ ಬಿಟ್ಟ ರೋಗಿಯ ಮೂಗಿಗೆ ನಳಿಗೆ ತೂರಿಸಿ ಆಹಾರ ಸುರಿಯುವ ವೈದ್ಯನ ಬಾಯಲ್ಲಿ ಉರಿಯುವ ಸಿಗರೇಟು; ನಡುನಡುವೆ ಅದೇ ರೋಗಿಯ ಶವಕ್ಕೆ ಕ್ಷೌರ. ಎರಡನ್ನೂ ಹೆಣೆದದ್ದು ಸಂಕಲನಕಾರನ ಕತ್ತರಿ. ವಸ್ತುನಿಷ್ಠತೆಯ ಹೆಗ್ಗಳಿಕೆಯನ್ನು ವೈಸ್‌ಮನ್ ಎಂದೂ ಒಪ್ಪಲಿಲ್ಲ. ಸಾಕ್ಷಿಯೆಂದರೂ ಒಬ್ಬನು ಕಂಡದ್ದೇ ತಾನೆ! ರಾಜ್ಯ ಸರ್ಕಾರ ಕೋರ್ಟಿನ ಮೂಲಕ ತರಿಸಿದ ಪ್ರದರ್ಶನದ ನಿರ್ಬಂಧ ತೆರವಾದದ್ದು 1991ರಲ್ಲಿ.